ಮನೋಬಲ ಇದ್ದರೆ ಸ್ತನ ಕ್ಯಾನ್ಸರ್ ಗೆಲ್ಲಬಹುದೇ? ರೇಚಲ್ ಕಾರ್ಸನ್ ಬದುಕು ಹೇಳುವುದೇನು

ಅಕ್ಟೋಬರ್ ತಿಂಗಳು ಬಂತೆಂದರೆ ನಮ್ಮ ಫೋನುಗಳಿಗೆ ಗುಲಾಬಿ ರಿಬ್ಬನ್ನಿನ ಚಿತ್ರವಿರುವ ಸಂದೇಶಗಳು ಬರತೊಡಗುತ್ತವೆ. ಅವುಗಳಲ್ಲಿ ಹೆಚ್ಚಿನವು ಹೇಳುವುದು ಒಂದೇ ಮಾತು: ಧೈರ್ಯವಾಗಿರುವವರು ಕ್ಯಾನ್ಸರ್ ಗೆಲ್ಲುತ್ತಾರೆ, ನಗುನಗುತ್ತಾ ಇರಿ, ಕಾಯಿಲೆ ಓಡಿಹೋಗುತ್ತದೆ. ಕಳಿಸುವವರ ಉದ್ದೇಶ ಒಳ್ಳೆಯದೇ. ಆದರೆ ಶಸ್ತ್ರಚಿಕಿತ್ಸೆ ಮುಗಿಸಿ ಮನೆಗೆ ಬಂದ ಹೆಣ್ಣುಮಗಳು ಇದನ್ನು ಓದಿದಾಗ ಏನಾಗುತ್ತದೆ? ರಾತ್ರಿ ಅಳು ಬಂದರೆ ಅದು ತನ್ನದೇ ತಪ್ಪು ಅನ್ನಿಸುತ್ತದೆ. ಕಾಯಿಲೆ ಮರಳಿ ಬಂದರೆ, ತನಗೆ ಧೈರ್ಯ ಸಾಲಲಿಲ್ಲವೇನೋ ಅನ್ನಿಸುತ್ತದೆ.

ಈ ಮಾತಿನಲ್ಲಿ ನಿಜ ಎಷ್ಟು? ಅದನ್ನು ನೋಡಲು ನಾವು ಇಂದು ಒಬ್ಬರ ಬದುಕನ್ನು ಹೇಳುತ್ತೇವೆ. ಅವರಷ್ಟು ಗಟ್ಟಿ ಮನಸ್ಸಿನವರು ಸಿಗುವುದು ಕಷ್ಟ. ಹೆಸರು ರೇಚಲ್ ಕಾರ್ಸನ್. ಡಿಡಿಟಿಯಂಥ ಕೀಟನಾಶಕಗಳನ್ನು ಕಂಡಕಂಡಲ್ಲಿ ಸುರಿಯುವುದರ ಅಪಾಯವನ್ನು ಲೋಕಕ್ಕೆ ತಿಳಿಸಿದ 'ಸೈಲೆಂಟ್ ಸ್ಪ್ರಿಂಗ್', ಅಂದರೆ ಮೌನ ವಸಂತ, ಎಂಬ ಪುಸ್ತಕದ ಲೇಖಕಿ. ಆ ಪುಸ್ತಕದ ಬಗ್ಗೆ ಬಹಳ ಜನ ಕೇಳಿದ್ದಾರೆ. ಅದರ ದೊಡ್ಡ ಭಾಗವನ್ನು ಅವರು ಸ್ತನ ಕ್ಯಾನ್ಸರ್ ಇಟ್ಟುಕೊಂಡೇ ಬರೆದರು, ಅದನ್ನು ಲೋಕದಿಂದ ಬಚ್ಚಿಟ್ಟರು ಎಂಬುದು ಅಷ್ಟು ಜನರಿಗೆ ಗೊತ್ತಿಲ್ಲ.

ಸಮುದ್ರ ನೋಡದೆ ಸಮುದ್ರವನ್ನು ಪ್ರೀತಿಸಿದವರು

ರೇಚಲ್ ಹುಟ್ಟಿದ್ದು 1907ರ ಮೇ 27ರಂದು, ಅಮೆರಿಕದ ಪೆನ್ಸಿಲ್ವೇನಿಯಾ ರಾಜ್ಯದ ಸ್ಪ್ರಿಂಗ್‌ಡೇಲ್ ಎಂಬ ಸಣ್ಣ ಊರಿನಲ್ಲಿ. ಹತ್ತಿರದಲ್ಲೇ ಅಲಿಗೇನಿ ನದಿ. ಮನೆಯ ಸುತ್ತ ಹೊಲ, ಮರ, ಹಕ್ಕಿ. ಮಗಳನ್ನು ಕೈಹಿಡಿದು ಕಾಡು ಮೇಡು ತೋರಿಸಿದವರು ತಾಯಿ ಮರಿಯಾ. 11ನೇ ವಯಸ್ಸಿಗೇ ಹುಡುಗಿಯ ಕಥೆ ಮಕ್ಕಳ ಪತ್ರಿಕೆಯೊಂದರಲ್ಲಿ ಅಚ್ಚಾಯಿತು.

ಕಾಲೇಜಿಗೆ ಸೇರಿದ್ದು ಇಂಗ್ಲಿಷ್ ಸಾಹಿತ್ಯ ಓದಲು. ನಡುವೆ ಜೀವಶಾಸ್ತ್ರದ ಕಡೆಗೆ ಹೊರಳಿದರು. ಆ ಕಾಲಕ್ಕೆ ಹುಡುಗಿಯರು ವಿಜ್ಞಾನ ಓದಿದರೆ ಕೆಲಸ ಸಿಗುವುದೇ ಕಷ್ಟವಿತ್ತು. 1929ರಲ್ಲಿ ಪದವಿ ಮುಗಿಸಿ, ಅದೇ ಬೇಸಿಗೆಯಲ್ಲಿ ವುಡ್ಸ್ ಹೋಲ್ ಎಂಬ ಸಾಗರ ಪ್ರಯೋಗಾಲಯಕ್ಕೆ ಹೋದಾಗ ಅವರು ಮೊದಲ ಬಾರಿಗೆ ಸಮುದ್ರ ಕಂಡರು. 1932ರಲ್ಲಿ ಜಾನ್ಸ್ ಹಾಪ್ಕಿನ್ಸ್ ವಿಶ್ವವಿದ್ಯಾಲಯದಿಂದ ಪ್ರಾಣಿಶಾಸ್ತ್ರದಲ್ಲಿ ಸ್ನಾತಕೋತ್ತರ ಪದವಿ ಪಡೆದರು. ಮುಂದೆ ಸಂಶೋಧನೆ ಮಾಡುವ ಆಸೆಯಿತ್ತು. ಮನೆಯ ಪರಿಸ್ಥಿತಿ ಬಿಡಲಿಲ್ಲ.

1935ರಲ್ಲಿ ತಂದೆ ತೀರಿಕೊಂಡರು. 1937ರಲ್ಲಿ ಅಕ್ಕ ಮರಿಯನ್ ತೀರಿಕೊಂಡರು. ಅಕ್ಕನ ಇಬ್ಬರು ಹೆಣ್ಣುಮಕ್ಕಳ ಹೊಣೆ ರೇಚಲ್ ಮತ್ತು ತಾಯಿಯ ಮೇಲೆ ಬಿತ್ತು. ಸರ್ಕಾರದ ಮೀನುಗಾರಿಕಾ ಇಲಾಖೆಯಲ್ಲಿ ರೇಚಲ್‌ಗೆ ಕೆಲಸವಿತ್ತು. ಹಗಲಿಗೆ ಕಚೇರಿ, ರಾತ್ರಿಗೆ ಬರವಣಿಗೆ. ಮದುವೆಯಾಗಲಿಲ್ಲ. ಮನೆ ನಡೆಸುವ ಗಂಡಸು, ಅಡುಗೆಮನೆ ನೋಡುವ ಹೆಂಗಸು, ಶಾಲೆಯ ಫೀಸು ಕಟ್ಟುವ ಚಿಕ್ಕಮ್ಮ, ಎಲ್ಲವೂ ಅವರೇ.

1951ರಲ್ಲಿ ಬಂದ 'ದಿ ಸೀ ಅರೌಂಡ್ ಅಸ್' ಎಂಬ ಸಮುದ್ರದ ಪುಸ್ತಕ ಎಲ್ಲವನ್ನೂ ಬದಲಿಸಿತು. ಅದು ನ್ಯೂಯಾರ್ಕ್ ಟೈಮ್ಸ್ ಪತ್ರಿಕೆಯ ಹೆಚ್ಚು ಮಾರಾಟದ ಪಟ್ಟಿಯಲ್ಲಿ 86 ವಾರ ಇತ್ತು. 1952ರಲ್ಲಿ ಅವರು ಕೆಲಸ ಬಿಟ್ಟು ಪೂರ್ಣಾವಧಿ ಬರಹಗಾರ್ತಿಯಾದರು. ಬಂದ ಹಣದಲ್ಲಿ ಮೇಯ್ನ್ ರಾಜ್ಯದ ಸೌತ್‌ಪೋರ್ಟ್ ದ್ವೀಪದಲ್ಲಿ ನೀರಿನ ಅಂಚಿಗೆ ಒಂದು ಪುಟ್ಟ ಮನೆ ಕಟ್ಟಿಸಿದರು. 1953ರ ಬೇಸಿಗೆಯಲ್ಲಿ ಅಲ್ಲಿ ಒಬ್ಬ ನೆರೆಯಾಕೆಯ ಪರಿಚಯವಾಯಿತು. ಹೆಸರು ಡೊರೊತಿ ಫ್ರೀಮನ್. ಈ ಹೆಸರನ್ನು ನೆನಪಿಟ್ಟುಕೊಳ್ಳಿ.

ಒಂದರ ಮೇಲೊಂದು ಹೊರೆ

ಮನೆಯ ಕಷ್ಟ ಮುಗಿದಿರಲಿಲ್ಲ. 1957ರಲ್ಲಿ, ತಾವೇ ಸಾಕಿದ ಅಕ್ಕನ ಮಗಳು ಮಾರ್ಜೊರಿ ತೀರಿಕೊಂಡಳು. ಅವಳಿಗೆ ಐದು ವರ್ಷದ ಮಗನಿದ್ದ, ರೋಜರ್. ಐವತ್ತರ ಹೊಸ್ತಿಲಲ್ಲಿದ್ದ ರೇಚಲ್ ಆ ಹುಡುಗನನ್ನು ದತ್ತು ತೆಗೆದುಕೊಂಡರು. 1958ರ ಡಿಸೆಂಬರಿನಲ್ಲಿ ತಾಯಿಯೂ ಹೋದರು.

ಅದೇ 1958ರಲ್ಲಿ ಮ್ಯಾಸಚೂಸೆಟ್ಸ್ ರಾಜ್ಯದ ಪರಿಚಿತೆಯೊಬ್ಬರಿಂದ ಪತ್ರದ ಪ್ರತಿಯೊಂದು ಬಂತು. ಸೊಳ್ಳೆ ಕೊಲ್ಲಲು ವಿಮಾನದಿಂದ ಡಿಡಿಟಿ ಸಿಂಪಡಿಸಿದ ಮೇಲೆ ಅವರ ತೋಟದಲ್ಲಿ ಹಕ್ಕಿಗಳು ಸತ್ತು ಬಿದ್ದಿದ್ದವು. ಕೀಟನಾಶಕಗಳ ಬಗ್ಗೆ ಅಷ್ಟು ಹೊತ್ತಿಗೇ ಯೋಚಿಸುತ್ತಿದ್ದ ರೇಚಲ್, ಈ ವಿಷಯವನ್ನು ಪುಸ್ತಕವಾಗಿ ಬರೆಯಲು ಕೂತರು. ನೂರಾರು ಸಂಶೋಧನಾ ವರದಿಗಳನ್ನು ಓದಿದರು, ವಿಜ್ಞಾನಿಗಳಿಗೆ ಪತ್ರ ಬರೆದರು, ಪ್ರತಿ ಮಾತಿಗೂ ಆಧಾರ ಕೂಡಿಸಿದರು.

1960ರ ವಸಂತದಲ್ಲಿ ಅವರು ಬರೆಯುತ್ತಿದ್ದುದು ರಾಸಾಯನಿಕಗಳಿಗೂ ಕ್ಯಾನ್ಸರಿಗೂ ಇರುವ ಸಂಬಂಧದ ಅಧ್ಯಾಯಗಳನ್ನು. ಆ ದಿನಗಳಲ್ಲೇ ಎಡ ಸ್ತನದಲ್ಲಿ ಗಂಟುಗಳು ಕೈಗೆ ಸಿಕ್ಕವು. ಹಿಂದೆ 1950ರಲ್ಲೂ ಒಂದು ಗಂಟು ತೆಗೆಸಿದ್ದರು, ಅದು ಅಪಾಯವಿಲ್ಲದ್ದು ಎಂದು ಆಗ ತಿಳಿಸಲಾಗಿತ್ತು. ಈ ಸಲ ಏಪ್ರಿಲ್ ತಿಂಗಳಲ್ಲಿ ವಾಷಿಂಗ್ಟನ್‌ನ ಆಸ್ಪತ್ರೆಯಲ್ಲಿ ಸ್ತನವನ್ನೇ ತೆಗೆದರು.

ಆ ಕಾಲದ ಶಸ್ತ್ರಚಿಕಿತ್ಸೆ ಹೇಗಿತ್ತೆಂದು ತಿಳಿದರೆ ಮುಂದಿನ ಮಾತು ಅರ್ಥವಾಗುತ್ತದೆ. ಅದಕ್ಕೆ ರ್‍ಯಾಡಿಕಲ್ ಮಾಸ್ಟೆಕ್ಟಮಿ ಎಂದು ಹೆಸರು. 19ನೇ ಶತಮಾನದ ಕೊನೆಯಲ್ಲಿ ವಿಲಿಯಂ ಹಾಲ್ಸ್ಟೆಡ್ ಎಂಬ ವೈದ್ಯರು ರೂಢಿಗೆ ತಂದದ್ದು. ಸ್ತನದ ಜೊತೆಗೆ ಅದರ ಕೆಳಗಿನ ಎದೆಯ ಸ್ನಾಯು, ಕಂಕುಳಿನ ದುಗ್ಧಗ್ರಂಥಿಗಳು, ಎಲ್ಲವನ್ನೂ ತೆಗೆಯುತ್ತಿದ್ದರು. ಎದೆಯ ಒಂದು ಬದಿ ಒಳಕ್ಕೆ ಕುಸಿದಂತಾಗುತ್ತಿತ್ತು. ಬಹಳ ಜನರಿಗೆ ತೋಳು ಮೇಲೆತ್ತಲು ಕಷ್ಟ, ಕೆಲವರಿಗೆ ವರ್ಷಗಟ್ಟಲೆ ತೋಳಿನ ಊತ. ರವಿಕೆ ತೊಡುವುದು, ತಲೆ ಬಾಚುವುದು, ಕನ್ನಡಿ ನೋಡಿಕೊಳ್ಳುವುದು, ಪ್ರತಿಯೊಂದನ್ನೂ ಹೊಸದಾಗಿ ಕಲಿಯಬೇಕು. ಇದನ್ನು ಹೇಗೆ ಸಹಿಸುವುದೆಂದು ಹೇಳಿಕೊಡುವವರು ಬಹುತೇಕ ಇರಲಿಲ್ಲ.

ವೈದ್ಯರು ಮುಚ್ಚಿಟ್ಟ ಸತ್ಯ

ಶಸ್ತ್ರಚಿಕಿತ್ಸೆಯ ನಂತರ ರೇಚಲ್ ನೇರವಾಗಿ ಕೇಳಿದರು, ಇದು ಕ್ಯಾನ್ಸರೇ ಎಂದು. ಶಸ್ತ್ರವೈದ್ಯರು ಹೌದೆನ್ನಲಿಲ್ಲ. ಕ್ಯಾನ್ಸರಿನ ಗಡಿಗೆ ಬಂದಂಥದ್ದು, ಮುನ್ನೆಚ್ಚರಿಕೆಗಾಗಿ ತೆಗೆದೆವು ಎಂಬ ಅರ್ಥದ ಉತ್ತರ ಕೊಟ್ಟರು. ಮುಂದಿನ ಚಿಕಿತ್ಸೆ ಏನೂ ಬೇಡವೆಂದರು.

ಅದು ಕ್ಯಾನ್ಸರೇ ಆಗಿತ್ತು. ಇಂದು ನಮಗೆ ಇದು ನಂಬಲಾಗದ ಮೋಸ ಅನ್ನಿಸುತ್ತದೆ. ಆದರೆ ಅಂದಿನ ಅಮೆರಿಕದಲ್ಲಿ ಇದು ರೂಢಿ. 1961ರಲ್ಲಿ ಷಿಕಾಗೋದ ಆಸ್ಪತ್ರೆಯೊಂದರ 219 ವೈದ್ಯರನ್ನು ವಿಚಾರಿಸಿದ ಒಂದು ಸಮೀಕ್ಷೆ ಪ್ರಕಟವಾಯಿತು. ಕ್ಯಾನ್ಸರ್ ಇರುವ ವಿಷಯವನ್ನು ರೋಗಿಗೆ ಹೇಳದಿರುವುದೇ ಮೇಲು ಎಂದವರು ಅವರಲ್ಲಿ ಶೇಕಡಾ 90ರಷ್ಟು. ಹೇಳಿದರೆ ರೋಗಿ ಎದೆಗುಂದುತ್ತಾರೆ, ಬದುಕುವ ಆಸೆಯನ್ನೇ ಬಿಡುತ್ತಾರೆ ಎಂಬುದು ಅವರ ನಂಬಿಕೆ. ಹೇಳಲೇಬೇಕಾದರೆ ಗಂಡನಿಗೆ, ಮನೆಯವರಿಗೆ ಹೇಳುತ್ತಿದ್ದರು. ರೇಚಲ್‌ಗೆ ಗಂಡನಿರಲಿಲ್ಲ, ತಾಯಿಯೂ ಹೋಗಿದ್ದರು. ಮನೆಯಲ್ಲಿದ್ದುದು ಎಂಟು ವರ್ಷದ ಹುಡುಗ.

ಹೀಗೆ ಸತ್ಯ ಯಾರಿಗೂ ತಲುಪಲಿಲ್ಲ. ಅವರು ಗಾಯ ಮಾಗಿಸಿಕೊಂಡು ಬರವಣಿಗೆಗೆ ಮರಳಿದರು. ವರ್ಷದ ಕೊನೆಯಲ್ಲಿ ಎಡಬದಿಯ ಪಕ್ಕೆಲುಬಿನ ಮೇಲೆ ಗಟ್ಟಿ ಉಬ್ಬೊಂದು ಕಾಣಿಸಿತು. ಈ ಬಾರಿ ಅವರು ಕ್ಲೀವ್‌ಲ್ಯಾಂಡ್ ಕ್ಲಿನಿಕ್‌ನ ಜಾರ್ಜ್ ಕ್ರೈಲ್ ಜೂನಿಯರ್ ಅವರಲ್ಲಿಗೆ ಹೋದರು. ಸ್ತನ ಕ್ಯಾನ್ಸರಿಗೆ ಅಷ್ಟು ದೊಡ್ಡ ಶಸ್ತ್ರಚಿಕಿತ್ಸೆ ಎಲ್ಲರಿಗೂ ಬೇಕಿಲ್ಲ ಎಂದು ವಾದಿಸಿ ಸಹವೈದ್ಯರ ಸಿಟ್ಟು ಕಟ್ಟಿಕೊಂಡಿದ್ದವರು ಅವರು. ರೋಗಿಗೆ ನಿಜ ಹೇಳಬೇಕೆನ್ನುವವರು ಕೂಡ. ಕ್ಯಾನ್ಸರ್ ಇದೆ, ಅದು ಹರಡಿದೆ ಎಂಬುದು 1960ರ ಡಿಸೆಂಬರಿನಲ್ಲಿ ರೇಚಲ್‌ಗೆ ತಿಳಿಯಿತು. ಶಸ್ತ್ರಚಿಕಿತ್ಸೆಯಾಗಿ ಎಂಟು ತಿಂಗಳು ಕಳೆದಿತ್ತು.

ಅವರು ಕುಸಿದುಹೋದರೇ? ದುಃಖ ಆಯಿತು, ಭಯ ಆಯಿತು, ಮೋಸಹೋದ ಸಿಟ್ಟೂ ಇತ್ತು. ಜೊತೆಗೆ ಇನ್ನೊಂದೂ ಆಯಿತು. ನಿಜ ತಿಳಿಸಿದ್ದಕ್ಕಾಗಿ ಅವರು ಕ್ರೈಲ್‌ಗೆ ಕೃತಜ್ಞರಾಗಿದ್ದರು. ಯಾವ ಚಿಕಿತ್ಸೆ, ಎಷ್ಟು, ಯಾವಾಗ ಎಂಬುದನ್ನು ಈಗ ತಾವೂ ಕೂತು ತೀರ್ಮಾನಿಸಬಹುದಿತ್ತು. ವಿಕಿರಣ ಚಿಕಿತ್ಸೆ, ಅಂದರೆ ರೇಡಿಯೇಷನ್, ಶುರುವಾಯಿತು. ಉಳಿದಿರುವ ಸಮಯದಲ್ಲಿ ಪುಸ್ತಕ ಮುಗಿಸಬೇಕೆಂಬ ಲೆಕ್ಕವೂ ಶುರುವಾಯಿತು. ಹೇಳದೆ ಇದ್ದಿದ್ದರೆ ಆ ಲೆಕ್ಕ ಹಾಕಲು ಅವರಿಗೆ ಸಾಧ್ಯವಿರಲಿಲ್ಲ.

ತಾವೇ ಬಚ್ಚಿಟ್ಟ ಗುಟ್ಟು

ಇನ್ನು ಮುಂದೆ ಗುಟ್ಟು ಕಾಯುವ ಸರದಿ ರೇಚಲ್ ಅವರದಾಯಿತು. ಕಾರಣ ಎರಡು.

ಮೊದಲನೆಯದು ಕಾಲ. ಸ್ತನ ಎಂಬ ಪದವನ್ನೂ ಕ್ಯಾನ್ಸರ್ ಎಂಬ ಪದವನ್ನೂ ನಾಲ್ಕು ಜನರ ಮುಂದೆ ಆಡದ ಕಾಲ ಅದು. ಕಾಯಿಲೆ ಬಂದ ಹೆಂಗಸಿನ ಸುತ್ತ ಕನಿಕರದ ಜೊತೆ ಪಿಸುಮಾತೂ ಸುಳಿಯುತ್ತಿತ್ತು. ಅವರ ಸ್ವಭಾವವೂ ಮೊದಲಿನಿಂದ ಸಂಕೋಚದ್ದು.

ಎರಡನೆಯದು ಪುಸ್ತಕ. ಕೀಟನಾಶಕ ಕಂಪನಿಗಳು ತಮ್ಮ ಮೇಲೆ ಬೀಳುತ್ತವೆ ಎಂದು ಅವರಿಗೆ ಗೊತ್ತಿತ್ತು. ಲೇಖಕಿಗೇ ಕ್ಯಾನ್ಸರ್ ಎಂದು ತಿಳಿದರೆ, ರಾಸಾಯನಿಕಗಳ ಬಗ್ಗೆ ಆಕೆ ಬರೆದದ್ದೆಲ್ಲ ನೊಂದ ಹೆಂಗಸಿನ ಸೇಡು ಎಂದು ತಳ್ಳಿಹಾಕುವುದು ಸುಲಭ. ಸಂಶೋಧನೆಯನ್ನು ಸಂಶೋಧನೆಯಾಗಿಯೇ ಜನ ನೋಡಬೇಕಿದ್ದರೆ ತಮ್ಮ ಮೈಯನ್ನು ಮರೆಗೆ ಸರಿಸಲೇಬೇಕಿತ್ತು. ಆದ್ದರಿಂದ ಬೆರಳೆಣಿಕೆಯ ಆಪ್ತರಿಗೆ ಮಾತ್ರ ತಿಳಿಸಿದರು, ಯಾರಿಗೂ ಹೇಳಬಾರದೆಂದು ಕೇಳಿಕೊಂಡರು.

ಇಲ್ಲಿ ಒಂದು ಮಾತು ಸ್ಪಷ್ಟಪಡಿಸಬೇಕು. ರೇಚಲ್ ಅವರಿಗೆ ಕೀಟನಾಶಕದಿಂದಲೇ ಕ್ಯಾನ್ಸರ್ ಬಂತು ಎಂಬ ಮಾತು ಕಂಡರೆ ನಂಬಬೇಡಿ, ಅದಕ್ಕೆ ಆಧಾರವಿಲ್ಲ. ಅವರು ಎಲ್ಲ ಕೀಟನಾಶಕಗಳನ್ನೂ ನಿಷೇಧಿಸಲು ಹೇಳಿದರು ಎಂಬುದೂ ಸರಿಯಲ್ಲ. ಪರಿಣಾಮ ತಿಳಿಯದೆ ಎಲ್ಲೆಂದರಲ್ಲಿ ಸುರಿಯಬೇಡಿ ಎಂಬುದು ಅವರ ವಾದವಾಗಿತ್ತು.

ಗುಟ್ಟು ಕಾಯುವುದು ಸುಲಭವಾಗಿರಲಿಲ್ಲ. 1961ರ ಆರಂಭದಲ್ಲಿ ಸೋಂಕು ತಗುಲಿ, ಕೀಲುಗಳು ಊದಿ, ಕೆಲಕಾಲ ನಡೆಯಲಾಗಲಿಲ್ಲ. ಆ ವರ್ಷದ ಕೊನೆಗೆ ಕಣ್ಣಿನ ಉರಿಯೂತ ಬಂದು, ಕೆಲವು ವಾರ ತಾವು ಬರೆದದ್ದನ್ನು ತಾವೇ ಓದಲಾಗದೆ ಬೇರೆಯವರಿಂದ ಓದಿಸಿ ಕೇಳಿ ತಿದ್ದಿದರು. 1962ರ ಜೂನ್‌ನಲ್ಲಿ 'ದಿ ನ್ಯೂಯಾರ್ಕರ್' ಪತ್ರಿಕೆಯಲ್ಲಿ ಬರಹ ಕಂತುಗಳಾಗಿ ಬಂತು. ಸೆಪ್ಟೆಂಬರ್ 27ಕ್ಕೆ ಪುಸ್ತಕ ಹೊರಬಿತ್ತು.

ನಿರೀಕ್ಷಿಸಿದಂತೆ ದಾಳಿಯೂ ಬಂತು. ಒಂದು ಕಂಪನಿ ಪ್ರಕಾಶಕರಿಗೆ ಮೊಕದ್ದಮೆಯ ಬೆದರಿಕೆ ಹಾಕಿತು. ಆಕೆ ವಿಜ್ಞಾನಿಯೇ ಅಲ್ಲ, ಭಾವಾವೇಶದ ಹೆಂಗಸು ಎಂಬ ಟೀಕೆಗಳು ಬಂದವು. ಮದುವೆಯಾಗದಿರುವುದನ್ನೂ ಆಡಿಕೊಂಡರು. ಕ್ಯಾನ್ಸರ್ ವಿಷಯವೂ ಆ ಜನರ ಕೈಗೆ ಸಿಕ್ಕಿದ್ದರೆ ಏನಾಗುತ್ತಿತ್ತೆಂದು ನಾವು ಊಹಿಸಬಹುದು. ಗುಟ್ಟು ಕಾದದ್ದು ಹೇಡಿತನವಲ್ಲ. ಆದರೆ ಅಂಥ ಗುಟ್ಟನ್ನು ಹೊರಬೇಕಾದ ಸ್ಥಿತಿ ಬಂದದ್ದೇ ಅನ್ಯಾಯ.

1963ರ ಏಪ್ರಿಲ್ 3ರಂದು ಸಿಬಿಎಸ್ ವಾಹಿನಿ ಅವರ ಬಗ್ಗೆ ಒಂದು ಗಂಟೆಯ ಕಾರ್ಯಕ್ರಮ ಪ್ರಸಾರ ಮಾಡಿತು. ಲಕ್ಷಾಂತರ ಮನೆಗಳಲ್ಲಿ ಜನ ನೋಡಿದರು. ಪರದೆಯ ಮೇಲೆ ಕಂಡದ್ದು ಸೌಮ್ಯವಾಗಿ, ಅಳೆದು ತೂಗಿ ಮಾತಾಡುವ ಮಹಿಳೆ. ಉದುರಿದ ಕೂದಲನ್ನು ಮರೆಸಲು ಆ ದಿನಗಳಲ್ಲಿ ಅವರು ವಿಗ್ ಧರಿಸುತ್ತಿದ್ದರೆಂಬುದು ನೋಡುಗರಿಗೆ ತಿಳಿಯಲಿಲ್ಲ. ಮೇ ತಿಂಗಳಲ್ಲಿ ಅಧ್ಯಕ್ಷ ಕೆನಡಿ ಅವರ ವಿಜ್ಞಾನ ಸಲಹಾ ಸಮಿತಿಯ ವರದಿ ಬಂದು, ಅವರ ಎಚ್ಚರಿಕೆಯನ್ನು ಬಹುಮಟ್ಟಿಗೆ ಎತ್ತಿಹಿಡಿಯಿತು. ಜೂನ್ 4ರಂದು ಅವರು ಸೆನೆಟ್ ಸಮಿತಿಯ ಮುಂದೆ ಸಾಕ್ಷ್ಯ ನುಡಿದರು. ಅಷ್ಟು ಹೊತ್ತಿಗೆ ಕ್ಯಾನ್ಸರ್ ಮೂಳೆಗಳಿಗೆ ಇಳಿದಿತ್ತು. ಆ ವರ್ಷ ನಡೆಯಲು ಕಷ್ಟವಾದಾಗ ಕೇಳಿದವರಿಗೆಲ್ಲ ಸಂಧಿವಾತ ಎಂದರು.

ಒಬ್ಬರಿಗೆ ಮಾತ್ರ ಹೇಳಿದ ಮಾತು

ಈಗ ಡೊರೊತಿ ಫ್ರೀಮನ್ ಬಳಿಗೆ ಬರೋಣ. ಡೊರೊತಿ ವಿಜ್ಞಾನಿಯಲ್ಲ, ವೈದ್ಯೆಯಲ್ಲ. ಮ್ಯಾಸಚೂಸೆಟ್ಸ್‌ನಲ್ಲಿ ಮನೆ, ಗಂಡ, ಮಗ ಇದ್ದ ಗೃಹಿಣಿ. ಬೇಸಿಗೆಗೆ ಮೇಯ್ನ್‌ಗೆ ಬರುತ್ತಿದ್ದರು. ಉಳಿದ ತಿಂಗಳು ಇಬ್ಬರ ನಡುವೆ ಪತ್ರಗಳೇ ಸೇತುವೆ. ಹನ್ನೊಂದು ವರ್ಷಗಳ ಆ ಪತ್ರಗಳಲ್ಲಿ ಉಳಿದವು 1995ರಲ್ಲಿ ಪುಸ್ತಕವಾಗಿ ಬಂದವು. ರೇಚಲ್ ಒಳಗೆ ಏನು ನಡೆಯುತ್ತಿತ್ತೆಂಬುದು ನಮಗೆ ಹೆಚ್ಚಾಗಿ ತಿಳಿದಿರುವುದು ಅವುಗಳಿಂದ.

ಹೊರಗೆ ಕಾಣುತ್ತಿದ್ದ ಶಾಂತ ಮುಖದ ರೇಚಲ್ ಅಲ್ಲಿಲ್ಲ. ನೋವಿದೆ, ಹೆದರಿಕೆಯಿದೆ, ಒಂದಾದ ಮೇಲೊಂದು ಬರುವ ಕಾಯಿಲೆಗಳ ಬಗ್ಗೆ ಬೇಸತ್ತ ನಗೆಯೂ ಇದೆ. ತಾನು ಹೋದರೆ ರೋಜರ್ ಗತಿಯೇನು ಎಂಬ ಚಿಂತೆಯಿದೆ. ಗೆಳತಿಯ ಮನಸ್ಸು ನೋಯದಿರಲೆಂದು ಮೊದಮೊದಲು ಅವರು ಕೆಲವು ವಿಷಯ ಹಗುರ ಮಾಡಿ ಹೇಳಿದ್ದೂ ಉಂಟು. ಬರಬರುತ್ತಾ ಸಾವಿನ ಬಗ್ಗೆಯೂ ತೆರೆದು ಮಾತಾಡಲು ಇಬ್ಬರೂ ಕಲಿತರು.

1963ರ ಸೆಪ್ಟೆಂಬರಿನ ಒಂದು ಬೆಳಿಗ್ಗೆ ಇಬ್ಬರೂ ಸೌತ್‌ಪೋರ್ಟ್ ದ್ವೀಪದ ತುದಿಯಲ್ಲಿ ಕೂತು ಮೊನಾರ್ಕ್ ಚಿಟ್ಟೆಗಳು ಒಂದೊಂದಾಗಿ ದಕ್ಷಿಣಕ್ಕೆ ವಲಸೆ ಹೋಗುವುದನ್ನು ನೋಡಿದರು. ಹೋಗುವ ಆ ಚಿಟ್ಟೆಗಳಲ್ಲಿ ಹೆಚ್ಚಿನವು ಮರಳಿ ಬರುವುದಿಲ್ಲ ಎಂದು ಇಬ್ಬರಿಗೂ ಗೊತ್ತಿತ್ತು. ಆದರೂ ಆ ನೋಟ ದುಃಖ ತರಲಿಲ್ಲ, ಬದುಕು ತನ್ನ ಸುತ್ತು ಮುಗಿಸುವುದು ಸಹಜ ಅನ್ನಿಸಿತು ಎಂಬ ಭಾವವನ್ನು ರೇಚಲ್ ಅಂದೇ ಗೆಳತಿಗೆ ಬರೆದು ತಿಳಿಸಿದರು. ಆ ನೆಮ್ಮದಿಗೆ ಅವರು ಬಂದದ್ದು ನಗುವ ಮುಖವಾಡ ಹಾಕಿಕೊಂಡಲ್ಲ, ಮೂರು ವರ್ಷ ಒಬ್ಬರ ಬಳಿ ನಿಜ ಹೇಳಿಕೊಂಡು.

ಅಕ್ಟೋಬರಿನಲ್ಲಿ ಸ್ಯಾನ್ ಫ್ರಾನ್ಸಿಸ್ಕೋಗೆ ಹೋಗಿ ಭಾಷಣ ಮಾಡಿದರು. ಬಹಳ ದಿನ ಆಸೆಪಟ್ಟಿದ್ದ ರೆಡ್‌ವುಡ್ ಮರಗಳ ಕಾಡನ್ನು ಗಾಲಿಕುರ್ಚಿಯಲ್ಲಿ ಕೂತು ನೋಡಿದರು. 1964ರ ಏಪ್ರಿಲ್ 14ರಂದು, ಮೇರಿಲ್ಯಾಂಡ್ ರಾಜ್ಯದ ಸಿಲ್ವರ್ ಸ್ಪ್ರಿಂಗ್‌ನ ತಮ್ಮ ಮನೆಯಲ್ಲಿ ತೀರಿಕೊಂಡರು. ವಯಸ್ಸು 56. ರೋಜರ್‌ನನ್ನು ಅವರ ಸಂಪಾದಕ ಪಾಲ್ ಬ್ರೂಕ್ಸ್ ಕುಟುಂಬ ಸಾಕಿತು. ಚಿತಾಭಸ್ಮದ ಒಂದು ಭಾಗವನ್ನು ಡೊರೊತಿ ಸೌತ್‌ಪೋರ್ಟ್‌ನ ಸಮುದ್ರಕ್ಕೆ ಬಿಟ್ಟರು. 1972ರಲ್ಲಿ ಅಮೆರಿಕ ಕೃಷಿಯಲ್ಲಿ ಡಿಡಿಟಿ ಬಳಕೆಯನ್ನು ಬಹುತೇಕ ನಿಲ್ಲಿಸಿತು. 1980ರಲ್ಲಿ ರೇಚಲ್‌ಗೆ ಮರಣೋತ್ತರವಾಗಿ ದೇಶದ ಅತ್ಯುನ್ನತ ನಾಗರಿಕ ಗೌರವ ಸಂದಿತು.

ಹಾಗಾದರೆ ಆ ಫಾರ್ವರ್ಡ್ ನಿಜವೇ?

ಧೈರ್ಯ ಒಂದೇ ಸಾಕಾಗಿದ್ದರೆ ರೇಚಲ್ ಇನ್ನೂ ಬಹಳ ವರ್ಷ ಬದುಕಬೇಕಿತ್ತು. ಆದರೆ ಒಬ್ಬರ ಕಥೆಯಿಂದ ವಿಜ್ಞಾನದ ತೀರ್ಮಾನ ಆಗದು. ಆದ್ದರಿಂದ ಅಧ್ಯಯನಗಳನ್ನೂ ನೋಡೋಣ.

ಮನಸ್ಸಿನ ಒತ್ತಡದಿಂದ ಸ್ತನ ಕ್ಯಾನ್ಸರ್ ಬರುತ್ತದೆಯೇ? ಬ್ರಿಟನ್ನಿನ ಒಂದು ಲಕ್ಷಕ್ಕೂ ಹೆಚ್ಚು ಮಹಿಳೆಯರನ್ನು ಗಮನಿಸಿ 2016ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಅಂಥ ಸಂಬಂಧ ಕಾಣಲಿಲ್ಲ. ಹಾಗಾಗಿ ಕೊರಗಿ ಕೊರಗಿ ಕಾಯಿಲೆ ತಂದುಕೊಂಡಳು ಎಂದು ಯಾರನ್ನೂ ದೂರಬಾರದು.

ಹೋರಾಟದ ಮನೋಭಾವದಿಂದ ಆಯುಷ್ಯ ಹೆಚ್ಚುತ್ತದೆಯೇ? ಈ ಬಗ್ಗೆ ನಡೆದ ಹತ್ತಾರು ಅಧ್ಯಯನಗಳನ್ನು ಒಟ್ಟಿಗೆ ತೂಗಿದ ವಿಮರ್ಶೆಯೊಂದು 2002ರಲ್ಲಿ ಬಂತು. ಕಾಯಿಲೆಯನ್ನು ಎದುರಿಸುವ ಮನೋಭಾವ ಎಷ್ಟು ವರ್ಷ ಬದುಕುತ್ತೇವೆಂಬುದನ್ನು ನಿರ್ಧರಿಸುತ್ತದೆ ಎನ್ನಲು ಗಟ್ಟಿ ಪುರಾವೆ ಸಿಗಲಿಲ್ಲ.

ಹಾಗಾದರೆ ಮನಸ್ಸಿನ ಆರೈಕೆ ವ್ಯರ್ಥವೇ? ಖಂಡಿತ ಅಲ್ಲ. ಕ್ಯಾನ್ಸರ್ ಹರಡಿದ್ದ 235 ಮಹಿಳೆಯರ ಮೇಲೆ ಕೆನಡಾದಲ್ಲಿ ನಡೆದ ಅಧ್ಯಯನ 2001ರಲ್ಲಿ ಪ್ರಕಟವಾಯಿತು. ಗುಂಪಾಗಿ ಕೂತು ಕಷ್ಟ ಸುಖ ಹಂಚಿಕೊಂಡವರ ಆಯುಷ್ಯ ಹೆಚ್ಚಲಿಲ್ಲ, ಆದರೆ ಅವರಲ್ಲಿ ಹೆಚ್ಚು ಸಂಕಟದಲ್ಲಿದ್ದವರ ಮನಸ್ಸು ಹಗುರಾಯಿತು, ನೋವಿನ ಅನುಭವ ಕಡಿಮೆಯಾಯಿತು. ಬದುಕಿನ ದಿನಗಳು ಹೇಗಿರುತ್ತವೆ ಎಂಬುದು ಸಣ್ಣ ವಿಷಯವಲ್ಲ.

ಇನ್ನೊಂದು ಅಧ್ಯಯನ ರೇಚಲ್ ಮತ್ತು ಡೊರೊತಿಯನ್ನು ನೆನಪಿಸುತ್ತದೆ. ಲಂಡನ್ನಿನಲ್ಲಿ ಆರಂಭದ ಹಂತದ ಸ್ತನ ಕ್ಯಾನ್ಸರ್ ಇದ್ದ 222 ಮಹಿಳೆಯರನ್ನು ಐದು ವರ್ಷ ಗಮನಿಸಿ 2005ರಲ್ಲಿ ಪ್ರಕಟಿಸಿದ್ದು. ಮೊದಲ ವರ್ಷ ಸುಮಾರು ಅರ್ಧದಷ್ಟು ಜನರಿಗೆ ಖಿನ್ನತೆ ಅಥವಾ ಆತಂಕದ ತೊಂದರೆ ಕಾಣಿಸಿತು. ಎರಡರಿಂದ ನಾಲ್ಕನೇ ವರ್ಷಗಳಲ್ಲಿ ಅದು ಕಾಲು ಭಾಗಕ್ಕೆ, ಐದನೇ ವರ್ಷಕ್ಕೆ ಶೇಕಡಾ 15ಕ್ಕೆ ಇಳಿಯಿತು. ಅಂದರೆ ಅಳು ಬರುವುದು ಸೋಲಲ್ಲ, ಹೆಚ್ಚಿನವರು ನಿಧಾನವಾಗಿ ಚೇತರಿಸಿಕೊಳ್ಳುತ್ತಾರೆ. ತೊಂದರೆ ದೀರ್ಘಕಾಲ ಉಳಿದವರಲ್ಲಿ ಕಂಡ ಅಂಶಗಳಲ್ಲೊಂದು, ಮನಸ್ಸು ಬಿಚ್ಚಿ ಹೇಳಿಕೊಳ್ಳಲು ಆಪ್ತರೊಬ್ಬರು ಇಲ್ಲದಿರುವುದು.

ಮೌನ ಒಡೆದದ್ದು ಹೇಗೆ

ರೇಚಲ್ ಬದುಕಿದ್ದಾಗಲೇ ಬದಲಾವಣೆಯ ಬೀಜ ಬಿದ್ದಿತ್ತು. 1952ರಲ್ಲಿ ನ್ಯೂಯಾರ್ಕ್‌ನಲ್ಲಿ ಇದೇ ಶಸ್ತ್ರಚಿಕಿತ್ಸೆಗೆ ಒಳಗಾದ ಟೆರೀಸ್ ಲ್ಯಾಸರ್ ಎಂಬಾಕೆ, ಮುಂದೆ ತಮ್ಮಂಥ ಹೆಂಗಸರ ಬಳಿ ಆಸ್ಪತ್ರೆಗೇ ಹೋಗತೊಡಗಿದರು. ತೋಳಿನ ವ್ಯಾಯಾಮಕ್ಕೆ ರಬ್ಬರ್ ಚೆಂಡು, ಹಗ್ಗ, ಉಡುಪಿನೊಳಗೆ ಇಟ್ಟುಕೊಳ್ಳಲು ಮೆತ್ತನೆಯ ಕೃತಕ ಸ್ತನ ಒಯ್ದು ಕೊಡುತ್ತಿದ್ದರು. ಎಲ್ಲಕ್ಕಿಂತ ದೊಡ್ಡದು, ಇದೇ ದಾರಿಯಲ್ಲಿ ನಡೆದು ಬಂದ ಹೆಂಗಸೊಬ್ಬಳು ಎದುರಿಗೆ ಚೆನ್ನಾಗಿ ನಿಂತಿದ್ದಾಳೆ ಎಂಬ ನೋಟ. ಕೆಲವು ವೈದ್ಯರಿಗೆ ಇದು ಹಿಡಿಸಲಿಲ್ಲ. ಆದರೂ 1969ರಲ್ಲಿ ಅಮೆರಿಕನ್ ಕ್ಯಾನ್ಸರ್ ಸೊಸೈಟಿ ಈ ಕೆಲಸವನ್ನು ತನ್ನದಾಗಿಸಿಕೊಂಡಿತು.

1974ರಲ್ಲಿ ಅಧ್ಯಕ್ಷರ ಪತ್ನಿ ಬೆಟ್ಟಿ ಫೋರ್ಡ್ ತಮ್ಮ ಸ್ತನ ಕ್ಯಾನ್ಸರ್ ಶಸ್ತ್ರಚಿಕಿತ್ಸೆಯನ್ನು ದೇಶಕ್ಕೇ ತಿಳಿಸಿದರು. ಹೆಂಗಸರು ಹೆಚ್ಚು ಸಂಖ್ಯೆಯಲ್ಲಿ ತಪಾಸಣೆಗೆ ಬಂದರು. ರೋಗಿಗೆ ಹೇಳಬೇಕೇ ಎಂಬ ಪ್ರಶ್ನೆಯನ್ನು 1979ರಲ್ಲಿ ಅಮೆರಿಕದ ವೈದ್ಯರಿಗೆ ಮತ್ತೆ ಕೇಳಿದಾಗ ಶೇಕಡಾ 97 ಜನ ಹೇಳಬೇಕೆಂದರು. 1985ರಲ್ಲಿ ಬಂದ ದೊಡ್ಡ ಅಧ್ಯಯನವೊಂದು, ಆರಂಭದ ಹಂತದಲ್ಲಿ ಗಡ್ಡೆಯನ್ನಷ್ಟೇ ತೆಗೆದು ರೇಡಿಯೇಷನ್ ಕೊಟ್ಟರೂ ಬದುಕುಳಿಯುವ ಪ್ರಮಾಣ ಕಡಿಮೆಯಾಗುವುದಿಲ್ಲ ಎಂದು ತೋರಿಸಿತು. ಇಂದಿನ ಚಿಕಿತ್ಸೆ ರೇಚಲ್ ಕಂಡದ್ದಕ್ಕಿಂತ ಬಹಳ ಮುಂದಿದೆ.

ಆದರೆ ಅಂದಿನ ಮೌನ ನಮ್ಮ ಮನೆಗಳಲ್ಲಿ ಇನ್ನೂ ಪೂರ್ತಿ ಹೋಗಿಲ್ಲ. ರಿಪೋರ್ಟನ್ನು ಅಮ್ಮನಿಗೆ ತೋರಿಸದೆ ಬೀರುವಿನಲ್ಲಿಡುವುದು, ವೈದ್ಯರ ಕೋಣೆಗೆ ಮಗ ಒಬ್ಬನೇ ಹೋಗುವುದು, ಮಗಳ ಮದುವೆಗೆ ಅಡ್ಡಿಯಾದೀತೆಂದು ನೆಂಟರಿಂದ ಮುಚ್ಚಿಡುವುದು, ಇವೆಲ್ಲ ನಾವು ನೋಡಿರುವ ಸಂಗತಿಗಳೇ. ಎಲ್ಲವೂ ಪ್ರೀತಿಯಿಂದಲೇ. ಆ ಷಿಕಾಗೋ ವೈದ್ಯರೂ ರೋಗಿಯ ಒಳಿತಿಗೆಂದೇ ಮುಚ್ಚಿಡುತ್ತಿದ್ದರು.

ನಾವು ಏನು ಮಾಡಬಹುದು

ರೋಗಿಗೆ ಎಷ್ಟು ತಿಳಿಯಬೇಕು ಎಂಬುದನ್ನು ಮನೆಯವರು ತೀರ್ಮಾನಿಸುವ ಮೊದಲು ಅವರನ್ನೇ ಕೇಳಿ. ಕೆಲವರಿಗೆ ಎಲ್ಲವೂ ಬೇಕು, ಕೆಲವರಿಗೆ ಸ್ವಲ್ಪ ಸ್ವಲ್ಪವಾಗಿ ಬೇಕು. ಆ ಆಯ್ಕೆ ಅವರದು. ಊರಿಗೆಲ್ಲ ಹೇಳಬೇಕೋ ಬೇಡವೋ ಎಂಬುದೂ ಅವರದೇ ಆಯ್ಕೆ.

ಧೈರ್ಯವಾಗಿರಿ ಎನ್ನುವ ಬದಲು ಇವತ್ತು ಹೇಗಿದೆ ಎಂದು ಕೇಳಿ, ಉತ್ತರ ಮುಗಿಯುವವರೆಗೆ ಕೂತು ಕೇಳಿಸಿಕೊಳ್ಳಿ. ಕ್ಯಾನ್ಸರ್ ಮುಟ್ಟಿದರೆ, ಒಂದೇ ತಟ್ಟೆಯಲ್ಲಿ ಉಂಡರೆ ಅಂಟುವುದಿಲ್ಲ. ಪಕ್ಕದಲ್ಲಿ ಕೂರಲು ಹಿಂಜರಿಯಬೇಡಿ. ತೋಳು ಊದಿದರೆ, ನೋವಿದ್ದರೆ ಅದನ್ನೂ ವೈದ್ಯರಿಗೆ ಹೇಳಲು ನೆನಪಿಸಿ, ಅದಕ್ಕೆ ವ್ಯಾಯಾಮ ಮತ್ತು ಆರೈಕೆ ಇದೆ.

ಎರಡು ವಾರಕ್ಕಿಂತ ಹೆಚ್ಚು ದಿನ ನಿದ್ದೆಯಿಲ್ಲದೆ, ಊಟ ಬೇಡವಾಗಿ, ಯಾವುದರಲ್ಲೂ ಆಸಕ್ತಿಯಿಲ್ಲದೆ ಇದ್ದರೆ ಅದು ಮನೋಬಲದ ಕೊರತೆಯಲ್ಲ, ಚಿಕಿತ್ಸೆಯಿರುವ ತೊಂದರೆ. ಕ್ಯಾನ್ಸರ್ ವೈದ್ಯರಿಗೇ ಹೇಳಿ. ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಉಚಿತವಾಗಿ ಕರೆ ಮಾಡಿ ಕನ್ನಡದಲ್ಲೂ ಮಾತಾಡಬಹುದು.

ಮುಂದಿನ ಸಲ ಆ ಗುಲಾಬಿ ರಿಬ್ಬನ್ನಿನ ಸಂದೇಶ ಬಂದಾಗ ಗುಂಪಿಗೆ ಕಳಿಸುವ ಮೊದಲು ಒಂದು ಕ್ಷಣ ಯೋಚಿಸಿ. ಆ ಗುಂಪಿನಲ್ಲಿ ಚಿಕಿತ್ಸೆ ಪಡೆಯುತ್ತಿರುವ ಒಬ್ಬರಿರಬಹುದು. ಅವರಿಗೆ ಫಾರ್ವರ್ಡ್ ಬೇಕಿಲ್ಲ, ಒಂದು ಫೋನ್ ಕರೆ ಬೇಕಿರಬಹುದು. ರೇಚಲ್ ಕಾರ್ಸನ್ ಅವರಂಥ ಗಟ್ಟಿಗಿತ್ತಿಗೂ ಒಬ್ಬ ಡೊರೊತಿ ಬೇಕಾಗಿತ್ತು.